ಆರ್ಡರ್ ಕೈಗೆ ಬಂದದ್ದು ಯಾವತ್ತು?

ಕೋರ್ಟಿನ ಆರ್ಡರ್ ಬಂತೆಂದರೆ ನಮ್ಮ ಯಾದಗಿರಿ ಕಡೆ ಮನೆಮಂದಿ ಮೊದಲು ಕೇಳುವುದು “ಎಷ್ಟು ಸಿಕ್ತು?” ಅಂತ. ಯಾವ ದಿನ ಕೈಗೆ ಬಂತು ಅಂತ ಯಾರೂ ಕೇಳುವುದಿಲ್ಲ. ಕೌಟುಂಬಿಕ ದೌರ್ಜನ್ಯದ ಕೇಸಿನಲ್ಲಿ ಮುಂದಿನ ದಾರಿಯೆಲ್ಲ ನಿಂತಿರುವುದು ಆ ದಿನದ ಮೇಲೆ.

ನನಗೆ ಇದು ಗೊತ್ತಾಗಿದ್ದು ಚಿಕ್ಕಮ್ಮನ ಮಗಳಿಂದ. ಹೋದ ವರ್ಷ ಅವಳ ಕೇಸಿನಲ್ಲಿ ಮ್ಯಾಜಿಸ್ಟ್ರೇಟ್ ಆದೇಶ ಬಂತು. ಅವಳಿಗೂ ಮಗಳಿಗೂ ಸೇರಿ ತಿಂಗಳಿಗೆ 3,000 ರೂಪಾಯಿ. ಇರಲು ಮನೆ, ಇಲ್ಲವೇ ಬಾಡಿಗೆ ಕೊಡಿಸಿ ಎಂದು ಕೇಳಿದ್ದಳು. ಅದರ ಬಗ್ಗೆ ಆದೇಶದಲ್ಲಿ ಒಂದು ಮಾತೂ ಇರಲಿಲ್ಲ. “ಸಿಕ್ಕಷ್ಟು ಸಿಕ್ಕದ, ಸಾಕು ಬಿಡವ್ವ. ಮತ್ತ ಕೋರ್ಟಿಗಿ ಯಾಕ ಅಡ್ಡಾಡ್ತಿ” ಅಂದರು ಹಿರಿಯರು. ಬೆಂಗಳೂರಿನಲ್ಲಿದ್ದ ನನಗೆ ಫೋನ್ ಮಾಡಿ ಕೇಳಿದಳು: “ಅಕ್ಕಾ, ಇಲ್ಲಿಗಿ ಮುಗೀತೇನು?”

ಮುಗಿದಿರಲಿಲ್ಲ. 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆಯ 29ನೇ ಸೆಕ್ಷನ್ ಪ್ರಕಾರ, ಮ್ಯಾಜಿಸ್ಟ್ರೇಟ್ ಆದೇಶದ ವಿರುದ್ಧ ಸೆಷನ್ಸ್ ಕೋರ್ಟಿಗೆ ಅಪೀಲು ಹೋಗಬಹುದು. ಹೆಂಡತಿಗೂ ಆ ಹಕ್ಕಿದೆ, ಗಂಡನಿಗೂ ಇದೆ. ಆದೇಶ ತಲುಪಿದ ದಿನದಿಂದ 30 ದಿನ ಗಡುವು. ಆದೇಶದ ಪ್ರತಿಯನ್ನು ಕೋರ್ಟು ಪುಕ್ಕಟೆ ಕೊಡಬೇಕೆಂದು ಕಾಯ್ದೆಯೇ ಹೇಳುತ್ತದೆ.

ಶಹಾಪುರ, ಸುರಪುರದವರಿಗೆ ಜಿಲ್ಲಾ ಮತ್ತು ಸೆಷನ್ಸ್ ಕೋರ್ಟು ಇರುವುದು ಯಾದಗಿರಿಯಲ್ಲಿ. ಅಲ್ಲಿಯೂ ನ್ಯಾಯ ಸಿಗಲಿಲ್ಲ ಅನ್ನಿಸಿದರೆ ಹೈಕೋರ್ಟಿನ ಕಲಬುರಗಿ ಪೀಠಕ್ಕೆ ರಿವಿಜನ್ ಅರ್ಜಿ. ಶಕ್ತಿ ಯೋಜನೆ ಬಂದಮೇಲೆ ಹೆಣ್ಣುಮಕ್ಕಳಿಗೆ ಬಸ್ಸೇನೋ ಪುಕ್ಕಟೆ. ಆದರೆ ಸುರಪುರದಿಂದ ಯಾದಗಿರಿಗೆ ಹೋಗಿ ಬಂದರೆ ಆ ದಿನದ ಕೂಲಿ ಹೋಯಿತು. ವಕೀಲರ ಫೀಸು ಬೇರೆ. ಹೀಗೆ ಲೆಕ್ಕ ಹಾಕುತ್ತ ಕೂತಾಗಲೇ 30 ದಿನ ಕಳೆದುಹೋಗುವುದು.

ಫೀಸಿನ ಚಿಂತೆಗೆ ಒಂದು ಪರಿಹಾರ ಇದೆ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಡಿ ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ, ಉಚಿತ ವಕೀಲರು ಸಿಗುತ್ತಾರೆ. ಅಪೀಲಿಗೂ ಸಿಗುತ್ತಾರೆ. ಯಾದಗಿರಿಯ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಅರ್ಜಿ ಕೊಡಬಹುದು, 15100ಕ್ಕೆ ಫೋನ್ ಮಾಡಬಹುದು. ತಂಗಿ ಮಾಡಿದ್ದೂ ಇದನ್ನೇ. 24ನೇ ದಿನ ಅವಳ ಅಪೀಲು ದಾಖಲಾಯಿತು. ವಿಚಾರಣೆ ಇನ್ನೂ ನಡೆದಿದೆ. ಆ 3,000 ರೂಪಾಯಿ ಮಾತ್ರ ತಿಂಗಳು ತಿಂಗಳು ಬರುತ್ತಿದೆ.

ಯಾಕೆಂದರೆ ಅಪೀಲು ಹಾಕಿದ ಮಾತ್ರಕ್ಕೆ ಹಳೆಯ ಆದೇಶ ನಿಲ್ಲುವುದಿಲ್ಲ. ನಿಲ್ಲಬೇಕಾದರೆ ಬೇರೆಯಾಗಿ ತಡೆಯಾಜ್ಞೆ ಕೇಳಿ ಪಡೆಯಬೇಕು. “ನಾವು ಅಪೀಲು ಹೋಗೀವಿ, ಇನ್ನ ರೊಕ್ಕ ಕೊಡಂಗಿಲ್ಲ” ಎಂದು ಗಂಡನ ಕಡೆಯವರು ಹೇಳಿದರೆ ನಂಬಬೇಡಿ.

ಗಡುವು ಮೀರಿದರೆ? ಸರಿಯಾದ ಕಾರಣ ತೋರಿಸಿ ವಿಳಂಬ ಮನ್ನಿಸಿ ಎಂದು ಕೇಳಬಹುದು, ಕೋರ್ಟು ಒಪ್ಪಲೇಬೇಕೆಂದಿಲ್ಲ. ನಮ್ಮ ಕರ್ನಾಟಕದ್ದೇ ಒಂದು ಕೇಸಿದೆ. 2015ರಲ್ಲಿ ಹೆಂಡತಿಗೆ ತಿಂಗಳಿಗೆ 12,000 ರೂಪಾಯಿ ಜೀವನಾಂಶ, 1 ಲಕ್ಷ ಪರಿಹಾರ ಎಂದು ಮ್ಯಾಜಿಸ್ಟ್ರೇಟ್ ಆದೇಶಿಸಿದ್ದರು. ಗಂಡನ ಅಪೀಲು ತಡವಾಗಿದ್ದಕ್ಕೇ ವಜಾ ಆಯಿತು. ಆಮೇಲೆ ಆತ 25ನೇ ಸೆಕ್ಷನ್ ಹಿಡಿದು ಬಂದ. ಪರಿಸ್ಥಿತಿ ಬದಲಾದರೆ ಆದೇಶವನ್ನು ಮಾರ್ಪಡಿಸಿ, ಇಲ್ಲವೇ ರದ್ದು ಮಾಡಿ ಎಂದು ಅದೇ ಮ್ಯಾಜಿಸ್ಟ್ರೇಟ್ ಮುಂದೆ ಕೇಳಲು ಇರುವ ಸೆಕ್ಷನ್ ಅದು. ಆದೇಶ ರದ್ದಾಗಬೇಕು, ಕೊಟ್ಟ ಹಣವೂ ವಾಪಸ್ ಬರಬೇಕು ಎನ್ನುವುದು ಆತನ ವಾದ. 2024ರ ಸೆಪ್ಟೆಂಬರ್ 10ರಂದು ಸುಪ್ರೀಂ ಕೋರ್ಟಿನಲ್ಲಿ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರಿದ್ದ ಪೀಠ ಅದನ್ನು ಒಪ್ಪಲಿಲ್ಲ. ಬದಲಾವಣೆ ಆದೇಶದ ನಂತರ ಆಗಿರಬೇಕು, ಅದಕ್ಕೂ ಹಿಂದಿನ ಹಣ ವಾಪಸ್ ಕೇಳುವಂತಿಲ್ಲ ಎಂದಿತು.

ಅಂದರೆ ಆದೇಶವೇ ತಪ್ಪು ಅನ್ನಿಸಿದರೆ 30 ದಿನದೊಳಗೆ ಅಪೀಲು. ಆದೇಶದ ನಂತರ ಬದುಕು ಬದಲಾದರೆ, ಮಗಳು ಶಾಲೆಗೆ ಸೇರಿ ಖರ್ಚು ಏರಿದರೆ, ಗಂಡನ ಸಂಬಳ ಹೆಚ್ಚಾದರೆ, 25ನೇ ಸೆಕ್ಷನ್. ಒಂದರ ಕೆಲಸ ಇನ್ನೊಂದರಿಂದ ಆಗುವುದಿಲ್ಲ.

ಊರಿನಿಂದ ನಿಮ್ಮ ವಾಟ್ಸಾಪ್‌ಗೂ ಇಂಥ ಕಾಗದದ ಫೋಟೋ ಬರಬಹುದು. ಕೊನೆಯ ಪುಟವೊಂದೇ ಸಾಲದು, ಎಲ್ಲ ಪುಟ ಕಳಿಸಲು ಹೇಳಿ. ಕೈಗೆ ಬಂದ ತಾರೀಖನ್ನು ಮೊದಲ ಪುಟದ ಪ್ರತಿಯ ಮೇಲೆ ಬರೆಸಿ, ಲಕೋಟೆ ಇದ್ದರೆ ತೆಗೆದಿಡಿಸಿ. ಅರ್ಜಿಯಲ್ಲಿ ಏನೇನು ಕೇಳಿತ್ತು, ಆದೇಶದಲ್ಲಿ ಯಾವುದಕ್ಕೆ ಉತ್ತರ ಇಲ್ಲ ಎಂದು ಪಟ್ಟಿ ಮಾಡಿ ವಕೀಲರಿಗೆ ಕೊಡಿ. ಸಾಕೋ ಬೇಕೋ ಎನ್ನುವ ತೀರ್ಮಾನ ಅವಳದು. ಅದನ್ನು ಅವಳು ಗಡುವಿನೊಳಗೆ ಮಾಡುವಂತೆ ನೋಡಿಕೊಳ್ಳುವುದು ನಮ್ಮಿಂದ ಆಗುವ ಕೆಲಸ.