ಪಿತ್ತ ಅಂತ ಮಲಗಿಸೋಕೆ ಮುಂಚೆ

ನಮ್ಮ ಸಾರಥಿ ಕಡೆ ಹೆಣ್ಮಕ್ಕಳಿಗೆ ತಲೆ ತಿರುಗಿತು ಅಂದ್ರೆ ಅದು ಪಿತ್ತ. ನಿಂಬೆಹಣ್ಣಿನ ಪಾನಕ ಕುಡಿಸೋದು, ಮಲಗಿಸೋದು, ಸಂಜೆಗೆ ದೃಷ್ಟಿ ತೆಗೆಯೋದು, ಅಷ್ಟೇ. ಲಕ್ವ ಅಂದ್ರೆ ಮಾತ್ರ ಎಲ್ಲಾರೂ ಎದ್ದು ಓಡ್ತಾರೆ. ಲಕ್ವಕ್ಕೆ ಬಾಯಿ ಸೊಟ್ಟ ಆಗ್ಬೇಕು, ಒಂದು ಕೈ ಒಂದು ಕಾಲು ಬಿದ್ದುಹೋಗ್ಬೇಕು ಅನ್ನೋದು ನಮ್ಮ ಲೆಕ್ಕ. ನಮ್ಮ ದೊಡ್ಡವ್ವಗೆ ಹೊಡೆದ ಲಕ್ವದಾಗೆ ಇವ್ಯಾವೂ ಇರ್ಲಿಲ್ಲ ನೋಡ್ರಿ.

ಬೆಳಿಗ್ಗೆ ಆರಕ್ಕೆ ಅಂಗಳ ಗುಡಿಸ್ತಾ ಇದ್ದೋಳು ಕಟ್ಟೆ ಹಿಡ್ಕೊಂಡು ಕುಂತುಬಿಟ್ಲು. ಊರೇ ಗರಗರ ತಿರುಗಾಕತ್ತೈತಿ ಅಂದ್ಲು. ವಾಂತಿ ಮ್ಯಾಲೆ ವಾಂತಿ. ಕೈ ಎತ್ತು ಅಂದ್ರೆ ಎರಡೂ ಎತ್ತಿದ್ಲು, ನಗು ಅಂದ್ರೆ ಬಾಯಿ ನೆಟ್ಟಗಿತ್ತು. ಒಂದು ಕ್ಲಿನಿಕ್ಕಿನಾಗೆ ತೋರಿಸಿದ್ರೆ ವಾಂತಿಗೆ ಸೂಜಿ ಹಾಕಿ ಮನಿಗೆ ಕಳಿಸಿದ್ರು. ಮಧ್ಯಾಹ್ನ ನೀರು ಕುಡಿಯಾಕೆ ಹೋದ್ರೆ ಮೂಗಿನಾಗೆ ಬಂತು, ಕೆಮ್ಮು ನಿಲ್ಲಲಿಲ್ಲ. ದನಿ ಗೊಗ್ಗರು ಆಗಿತ್ತು. ಎಡಗಣ್ಣಿನ ರೆಪ್ಪೆ ಜೋತುಬಿದ್ದಿತ್ತು. ನಿಲ್ಲಿಸಿದ್ರೆ ಯಾರೋ ಸೆರಗು ಹಿಡಿದು ಎಳೆದಂಗೆ ಎಡಕ್ಕೆ ವಾಲೋಳು. ನರ್ಸಿಂಗ್ ಓದೋ ನನ್ನ ತಮ್ಮನ ಮಗಳು ನೋಡಿದ್ದೇ, "ಅತ್ತೆ, ಇದು ಪಿತ್ತ ಅಲ್ಲ, ಗಾಡಿ ಕರೆಸು" ಅಂದ್ಲು. ಹರಿಹರ ದಾಟಿ ದಾವಣಗೆರೆ ಮುಟ್ಟೋ ಹೊತ್ತಿಗೆ ಮೂರು ಗಂಟೆ ಆಗಿತ್ತು.

ಅಲ್ಲಿ ಡಾಕ್ಟ್ರು ಬಿಡಿಸಿ ಹೇಳಿದ್ರು. ಮೆದುಳಿಗೆ ರಕ್ತ ಒಯ್ಯೋ ದೊಡ್ಡ ನರ ನಾಲ್ಕು. ಎರಡು ಕುತ್ತಿಗೆ ಮುಂದೆ, ಇನ್ನೆರಡು ಕುತ್ತಿಗೆ ಮೂಳೆಯ ತೂತುಗಳೊಳಗಿಂದ ಹಿಂದೆ ಹತ್ತಿ, ಮ್ಯಾಲೆ ಹೋಗಿ ಒಂದಾಗ್ತಾವೆ. ಹಿಂದಿನವು ಸಾಕೋದು ಚಿಕ್ಕಮೆದುಳು, ಮೆದುಳಿನ ಬುಡ, ಮತ್ತೆ ನೋಟದ ಜಾಗ. ತೂಕ ತಪ್ಪದಂಗೆ ನಡಿಯೋದು, ನುಂಗೋದು, ಎರಡು ಕಣ್ಣು ಕೂಡಿ ನೋಡೋದು ಎಲ್ಲಾ ಅಲ್ಲೇ. ರಕ್ತ ಹೆಪ್ಪುಗಟ್ಟಿ ಆಗೋ ಲಕ್ವ ಐದಿದ್ರೆ ಸುಮಾರು ಒಂದು ಈ ಹಿಂದಿನ ಕಡೆದು. ದೊಡ್ಡವ್ವಗೆ ಹೊಡೆದಿದ್ದು ಮೆದುಳಿನ ಬುಡದ ಎಡಭಾಗಕ್ಕೆ. ಕೈಕಾಲು ಆಡಿಸೋ ದಾರಿಗೆ ತಾಗದೇ ಪಕ್ಕದಾಗೆ ಹೋಗಿತ್ತು, ಅದಕ್ಕೇ ಕೈ ಬೀಳಲಿಲ್ಲ.

ಮೊದ್ಲು ಸಿಟಿ ಸ್ಕ್ಯಾನ್ ಮಾಡಿದ್ರು. ಏನೂ ಕಾಣಲಿಲ್ಲ. ನಮ್ಮ ಮನಿಯೋರಿಗೆ ಆಗಲೇ ಸಮಾಧಾನ ಆಗಿ ಚಾ ಕುಡಿಯಾಕೆ ಹೊಂಟಿದ್ರು! ರಕ್ತ ಸೋರಿದ್ರೆ ಸಿಟಿ ತೋರಿಸ್ತೈತಿ. ಆದ್ರೆ ಹಿಂದಲೆಯಾಗೆ ದಪ್ಪ ಮೂಳೆ ಅಡ್ಡ ಇರೋದ್ರಿಂದ ಹೊಸ ಹೆಪ್ಪಿನ ಲಕ್ವ ಅದ್ರಾಗೆ ಕಾಣದೇ ಹೋಗಬಹುದು. ಎಮ್ಮಾರೈ ಬೇಕು. (ಅದ್ರ ಸದ್ದು ಏನ್ ಕೇಳ್ತೀರಿ, ಹಿಟ್ಟಿನ ಗಿರಣಿನೇ ವಾಸಿ.) ಮೊದಲ ಒಂದೆರಡು ದಿನ ಅದೂ ಒಮ್ಮೊಮ್ಮೆ ತಪ್ಪಿಸ್ತೈತಂತೆ. ಡಾಕ್ಟ್ರು ಅದಕ್ಕೂ ಮುಂಚೆ ದೊಡ್ಡವ್ವನ ತಲೆ ಹಿಡಿದು ಪಟಕ್ಕನೆ ತಿರುಗಿಸಿ, ಒಂದೊಂದೇ ಕಣ್ಣು ಮುಚ್ಚಿ, ಕಣ್ಣುಗುಡ್ಡೆ ಹೆಂಗೆ ಕುಣಿತಾವೆ ಅಂತ ನೋಡಿದ್ರು. ಕಿವಿಯಿಂದ ಬಂದ ಚಕ್ರವೋ ಮೆದುಳಿಂದ ಬಂದಿದ್ದೋ ಅಂತ ಕಲಿತ ಕೈ ಇದ್ರಾಗೇ ಹೇಳಬಲ್ಲದು ಅಂತ 2009ರಲ್ಲಿ ಒಂದು ಅಧ್ಯಯನ ಬಂದೈತಿ.

ಹೆಪ್ಪು ಕರಗಿಸೋ ಸೂಜಿಗೆ ಸಾಮಾನ್ಯವಾಗಿ ನಾಲ್ಕೂವರೆ ತಾಸಿನ ಗಡುವು. ನಮ್ಗೆ ಒಂಬತ್ತು ತಾಸು ಆಗಿತ್ತು. ನನಗೆ ಇವತ್ತಿಗೂ ಹೊಟ್ಟೆ ಉರಿಯೋದು ಆ ಬೆಳಗಿನ ಹೊತ್ತಿಗೆ. ಹಿಂದಿನ ನರ ಎರಡೂ ಕೂಡಿದ ದೊಡ್ಡ ನರವೇ ಮುಚ್ಚಿದ್ರೆ ತೊಡೆಯಿಂದ ತಂತಿ ಹಾಯಿಸಿ ಹೆಪ್ಪು ಎಳಿತಾರೆ; ಅದು ಕೆಲವ್ರಿಗೆ 24 ತಾಸಿನ ಒಳಗೂ ಉಪಯೋಗ ಆಗ್ತೈತಿ ಅಂತ 2022ರಲ್ಲಿ ಚೀನಾದ ಎರಡು ಅಧ್ಯಯನ ತೋರಿಸಿದ್ವು. ದೊಡ್ಡವ್ವಗೆ ಅದು ಬೇಕಾಗ್ಲಿಲ್ಲ. ರಕ್ತ ತೆಳು ಮಾಡೋ ಮಾತ್ರೆ, ಕೊಬ್ಬಿನ ಮಾತ್ರೆ, ಬಿಪಿ ಹತೋಟಿ, ಎದೆಬಡಿತದ ಪರೀಕ್ಷೆ. ಚಿಕ್ಕಮೆದುಳು ಬಾತ್ರೆ ಆಪರೇಷನ್ನೇ ಗತಿ ಅಂತ ಮೂರು ದಿನ ಕಾವಲು ಕಾದ್ರು.

ತಲೆ ತಿರುಗಿದ್ದೆಲ್ಲಾ ಲಕ್ವ ಅಲ್ಲ, ಗಾಬರಿ ಆಗಬ್ಯಾಡ್ರಿ. ಮಗ್ಗುಲು ಬದಲಿಸಿದಾಗ ಅರೆಗಳಿಗೆ ತಿರುಗಿ ನಿಲ್ಲೋದು ಬಹಳ ಸಲ ಕಿವಿದು. ಆದ್ರೆ ಒಮ್ಮೆಗೇ ಶುರುವಾಗಿ ನಿಲ್ಲದೇ ಇದ್ರೆ ನಡೆಸಿ ನೋಡ್ರಿ, ಒಂದು ಎರಡಾಗಿ ಕಾಣ್ತೈತೇನು ಕೇಳ್ರಿ, ಮಾತು ತೊದಲ್ತೈತೇನು ಆಲಿಸ್ರಿ. ಒಂದಾದ್ರೂ ಕೆಟ್ಟಿದ್ರೆ ಬಾಯಿಗೆ ಪಾನಕ, ಮಾತ್ರೆ ಏನೂ ಹಾಕಬ್ಯಾಡ್ರಿ. ನುಂಗೋದು ಕೆಟ್ಟಿದ್ರೆ ಅದು ಪುಪ್ಪುಸಕ್ಕೇ ಇಳಿತೈತಿ. ಶುರುವಾದ ಹೊತ್ತು ಬರಕೊಂಡು 108ಕ್ಕೆ ಹಚ್ರಿ. ರಾತ್ರಿಯೂ ಸ್ಕ್ಯಾನ್ ಆಗೋದು, ಈ ಸೂಜಿ ಕೊಡೋದು ದಾವಣಗೆರೆಯಾಗೆ ಎಲ್ಲೆಲ್ಲಿ ಅಂತ ಮನಿ ತಣ್ಣಗಿರೋವಾಗಲೇ ವಿಚಾರಿಸಿ ಇಟ್ಕೊಳ್ರಿ.

ದೊಡ್ಡವ್ವಗೆ ಮೂರು ವಾರ ಮೂಗಿನ ಪೈಪಿನಾಗೇ ಗಂಜಿ. ಆಮ್ಯಾಲೆ ಗದ್ದ ಎದೆಗೆ ಒತ್ತಿ ಒಂದೊಂದೇ ಚಮಚ ಗಟ್ಟಿ ಅಂಬಲಿ ನುಂಗೋದು ಕಲಿಸಿದ್ರು. ಈಗ ಕೋಲು ಹಿಡಿದು ಗುಡಿಗೆ ಹೋಗಿಬರ್ತಾಳೆ. ಒಂದು ಮಾತ್ರ ಉಳಿದೈತಿ. ಎಡಗಡೆ ಮುಖಕ್ಕೂ, ಕುತ್ತಿಗೆಯಿಂದ ಕೆಳಗೆ ಬಲಗಡೆ ಮೈಗೂ ಬಿಸಿ ತಣ್ಣಗೆ ಗೊತ್ತಾಗೋದಿಲ್ಲ. ಬಲಗೈಲಿ ಹಂಚು ಮುಟ್ಟಿ ಬೊಬ್ಬೆ ಎದ್ರೂ ಆಕಿಗೆ ತಿಳೀಲಿಲ್ಲ, ಕಂಡಿದ್ದು ಸೊಸಿ. ಅವತ್ತಿಂದ ಸ್ನಾನದ ನೀರಿಗೆ ಮೊದ್ಲು ಎಡಗೈ ಅದ್ದಿ ನೋಡ್ತಾಳೆ.