ಹಸಿರು ಚುಕ್ಕಿಯ ಜಾಗರಣೆ

ನಿದ್ದೆಯ ವಿಷಯದಲ್ಲಿ ನಮ್ಮ ಮನೆತನದಲ್ಲಿ ನನ್ನಷ್ಟು ಹೆಸರು ಮಾಡಿದವರು ಇನ್ನೊಬ್ಬರಿಲ್ಲ. ಜೇವರ್ಗಿಯಿಂದ ಕಲಬುರಗಿಗೆ ಸುಮಾರು 40 ಕಿಲೋಮೀಟರು, ನಡುವೆ ಭೀಮಾ ನದಿಯ ಸೇತುವೆ. ಅದನ್ನು ಸಾವಿರ ಸಲ ದಾಟಿರಬಹುದು, ಕಣ್ಣಾರೆ ನೋಡಿದ್ದು ಹತ್ತು ಸಲ. ಶಿವರಾತ್ರಿಯ ಜಾಗರಣೆಗೆ ಗುಡಿಯಲ್ಲಿ ಕೂತರೆ ಮೊದಲ ಭಜನೆಗೇ ನನ್ನ ತಲೆ ತಾಳ ಹಾಕತೊಡಗುತ್ತದೆ. ಪಕ್ಕದವರು ಭಕ್ತಿ ಅಂದುಕೊಂಡು ಸುಮ್ಮನಿರುತ್ತಾರೆ. ಇಂಥವನಿಗೆ 2009ರ ಜನವರಿಯಲ್ಲಿ ಡಾಕ್ಟರೊಬ್ಬರು, 'ನಿದ್ದೆ ಬರಿಸುವುದಿಲ್ಲ, ಎಚ್ಚರವಾಗಿಯೇ ಇರಬೇಕು' ಎಂದುಬಿಟ್ಟರು. ಜೀವಮಾನದಲ್ಲಿ ಮೊದಲ ಸಲ ನಾನಾಗಿಯೇ ಕೈಮುಗಿದು ನಿದ್ದೆ ಬೇಡಿದ್ದೆ. ಅವತ್ತೇ ಅದು ಸಿಗಲಿಲ್ಲ.

ಇದಕ್ಕೆಲ್ಲ ಮೂಲ ನನ್ನ ಚಸ್ಮಾ. ಏಳನೇ ಇಯತ್ತೆಯಲ್ಲಿ ಮೂಗೇರಿ ಕೂತದ್ದು ವರ್ಷಕ್ಕಿಷ್ಟು ದಪ್ಪವಾಗುತ್ತ ಮೈನಸ್ ಐದಕ್ಕೆ ಬಂದು ನಿಂತಿತ್ತು. ಓಣಿಯಲ್ಲಿ ನನ್ನ ಹೆಸರು 'ಸೋಡಾಬುಡ್ಡಿ'. ಅದನ್ನೂ ಸಹಿಸಿದ್ದೆ. ಆದರೆ ಒಂದು ಹುಣ್ಣಿಮೆಯ ದಿನ ಅಫಜಲಪುರದ ಸೋದರಮಾವನ ಜೊತೆ ಗಾಣಗಾಪುರಕ್ಕೆ ಹೋದಾಗ, ಸಂಗಮದಲ್ಲಿ ಚಸ್ಮಾ ತೆಗೆಯುವುದನ್ನು ಮರೆತು ಮುಳುಗು ಹಾಕಿದೆ. ಎದ್ದಾಗ ಮೂಗು ಖಾಲಿ. ದಂಡೆಯ ಮೇಲೆ ಬಣ್ಣಬಣ್ಣದ ಮಬ್ಬುಗಳು ಓಡಾಡುತ್ತಿದ್ದವು. ಅವುಗಳಲ್ಲಿ ಮಾವನಂತೆ ಕಂಡ ಒಂದು ಬಿಳಿ ಮಬ್ಬಿನ ಕೈ ಹಿಡಿದು, ಯಾರದೋ ಸಂಸಾರದ ಹಿಂದೆ ಗುಡಿಯ ಬಾಗಿಲವರೆಗೂ ಹೋಗಿದ್ದೆ. ಕೊನೆಗೆ ಮಾವ ಸಿಕ್ಕ. ಚಸ್ಮಾ ಹೋದದ್ದಕ್ಕೆ ಅವನಿಗೆ ಒಂದಿಷ್ಟೂ ಬೇಜಾರಿಲ್ಲ.

"ಹೋದರ ಹೋಗ್ಲಿ ಬಿಡೋ. ಅಮರಜಾ ನಿಮ್ಮಕ್ಕನ ಆಳಂದದ ಕಡಿಂದ ಬರ್ತಾಳ, ಇಲ್ಲಿ ನಮ್ಮ ಭೀಮಾಕ್ಕ ಕೂಡ್ತಾಳ, ಭೀಮಾ ನಿಮ್ಮ ಜೇವರ್ಗಿ ಕಡಿಗೇ ಹೋಗ್ತಾಳ. ನಿನಗಿಂತ ಮೊದಲ ನಿನ್ನ ಚಸ್ಮಾನೇ ಮನಿ ಮುಟ್ತದ!"

ಮುಟ್ಟಲಿಲ್ಲ. ಲೇಸರ್ ಮಾಡಿಸಿಕೊಳ್ಳುವುದೇ ಸೈ ಎಂದು ನಾನು ನಿಶ್ಚಯಿಸಿದ್ದು ಆ ದಿನ, ಒದ್ದೆ ಪಂಚೆಯಲ್ಲಿ.

ಸುದ್ದಿ ಮೂರು ತಾಲ್ಲೂಕುಗಳಿಗೆ ಹಬ್ಬಿತು, ಮೂರು ಬಗೆಯ ಬುದ್ಧಿಮಾತು ಬಂದವು. ಜೇವರ್ಗಿಯಲ್ಲಿ ಅವ್ವ, "ಕಣ್ಣ ಬಿಟಗೊಂಡು ಕಣ್ಣ ಕೊಯ್ಸಕೊಳ್ಳೋದೇನೋ? ರಾತ್ರಿ ಹರಳೆಣ್ಣಿ ಹಚ್ಚಕೊಂಡ್ರ ಸಾಕಾಗ್ತದ" ಎಂದಳು. ಅಫಜಲಪುರದ ಮಾವ ಎಲ್ಲ ಭಾರವನ್ನೂ ಗಾಣಗಾಪುರದ ದತ್ತ ಮಹಾರಾಜರ ಮೇಲೆ ಹಾಕಿ, ಹರಕೆಯನ್ನು ಮಾತ್ರ ನನ್ನ ಖರ್ಚಿನಲ್ಲಿ ಹೊತ್ತ. ಆಳಂದದ ಭಾವ, "ಸೊಲ್ಲಾಪುರಕ್ಕ ಹೋಗೋಣ ತಮ್ಮಾ. ಡಾಕ್ಟ್ರು ಮರಾಠಿ ಮಾತಾಡ್ತಾರ, ಆದ್ರ ನಾ ಇರ್ತೀನಲ್ಲ" ಎಂದು ಧೈರ್ಯ ಕೊಟ್ಟ. ವಾಗ್ದರಿ, ಅಕ್ಕಲಕೋಟೆ ದಾಟಿ ಬಸ್ಸು ಸೊಲ್ಲಾಪುರ ಮುಟ್ಟಿತು. ದಾರಿಯುದ್ದಕ್ಕೂ ನಾನು ನಿದ್ದೆ ಹೋಗಲಿಲ್ಲ. ಭಾವನೇ ಗಾಬರಿಯಾದ.

ತಪಾಸಣೆ ಒಂದು ಇಡೀ ದಿನದ ಕೆಲಸ. ವಯಸ್ಸು 18 ದಾಟಿರಬೇಕು, ನಂಬರು ಒಂದು ವರ್ಷವಾದರೂ ಏರದೆ ನಿಂತಿರಬೇಕು. ಕಣ್ಣಿನ ಕರಿಗುಡ್ಡೆಯ ಮೇಲಿನ ಪಾರದರ್ಶಕ ಪಾಪೆಯ (ಕಾರ್ನಿಯಾದ) ದಪ್ಪ ಸಾಕಷ್ಟಿರಬೇಕು. ಆ ದಪ್ಪವಾದರೂ ಎಷ್ಟು? ಅರ್ಧ ಮಿಲಿಮೀಟರಿಗಿಂತ ತುಸು ಹೆಚ್ಚು. ಅದರಲ್ಲಿ ರಕ್ತನಾಳಗಳಿಲ್ಲ, ತನಗೆ ಬೇಕಾದ ಆಮ್ಲಜನಕದ ಬಹುಪಾಲನ್ನು ನೇರವಾಗಿ ಗಾಳಿಯಿಂದಲೇ ಹೀರುತ್ತದೆ. ತೊಗರಿ ರಾಶಿಯ ಧೂಳನ್ನೇ ಉಸಿರಾಡಿ ಬೆಳೆದ ನನ್ನ ಪಾಪೆ ಪರೀಕ್ಷೆಯಲ್ಲಿ ಪಾಸಾಯಿತು. ಆಪರೇಷನ್ ದಿನ ಅತ್ತರು ಹಚ್ಚಿಕೊಂಡು ಬರಬೇಡಿ, ಅದರ ಆವಿ ಯಂತ್ರಕ್ಕೆ ಆಗಿಬರುವುದಿಲ್ಲ ಎಂದರು. ಅತ್ತರು ಹಚ್ಚಿಕೊಂಡದ್ದು ಭಾವ. ಅವನನ್ನು ಹೊರಗೇ ಕೂರಿಸಿದರು. ನನ್ನ ದುಭಾಷಿ ಹೋದ.

ಒಳಗೆ ಹಸಿರು ಟೊಪ್ಪಿಗೆ, ಹಸಿರು ಅಂಗಿ. ಮಲಗಿಸಿ ಕಣ್ಣಿಗೆ ಹನಿ ಬಿಟ್ಟರು. ಮೊದಲು ಚುರ್ ಎಂದಿತು, ಎರಡು ನಿಮಿಷದಲ್ಲಿ ಕಣ್ಣು ನನ್ನದಲ್ಲ ಎನ್ನಿಸತೊಡಗಿತು. ಸೂಜಿಯಿಲ್ಲ, ಅಷ್ಟೇ. ಆಮೇಲೆ ರೆಪ್ಪೆಗಳ ನಡುವೆ ತಂತಿಯ ಸಣ್ಣ ಕೊಂಡಿಯನ್ನು ಸಿಗಿಸಿ ಅಗಲಿಸಿದರು. ಮಿಟುಕಿಸಿಬಿಟ್ಟರೆ ಏನು ಗತಿ ಎಂದು ವಾರದಿಂದ ಚಿಂತೆ ಹತ್ತಿತ್ತು. ಮಿಟುಕಿಸಲು ಬರುವುದೇ ಇಲ್ಲ. ಸೀನು ಬಂದರೆ? ಕಣ್ಣು ಹೊರಳಿದರೆ? ಕಣ್ಣಿನ ಚಲನೆಯನ್ನು ಯಂತ್ರ ಬೆನ್ನುಹತ್ತಿರುತ್ತದೆ, ಹೆಚ್ಚು ಹೊರಳಿದರೆ ತಾನೇ ನಿಲ್ಲುತ್ತದೆ ಎಂದು ಕನ್ನಡ ಬಲ್ಲ ನರ್ಸಮ್ಮ ಹೇಳಿದರು. ಅಂದರೆ ನನ್ನ ಮೇಲೆ ಯಾರಿಗೂ ಭರವಸೆ ಇರಲಿಲ್ಲ. ಸಮಾಧಾನವಾಯಿತು.

"ಈಗ ಒತ್ತಿದಂಗ ಆಗ್ತದ, ಕತ್ತಲಿ ಆಗ್ತದ. ಅಂಜಬ್ಯಾಡ್ರಿ."

ಒಂದು ಉಂಗುರ ಬಂದು ಕಣ್ಣನ್ನು ಹೀರಿ ಹಿಡಿಯಿತು. ದೀಪಗಳೆಲ್ಲ ಒಂದೊಂದಾಗಿ ಆರಿ ಪೂರ್ತಿ ಕತ್ತಲು. ಕಣ್ಣು ತೆರೆದೇ ಇದೆ, ಕಾಣುವುದಿಲ್ಲ. ಹಿಡಿತದಿಂದ ಕಣ್ಣಿನೊಳಗಿನ ಒತ್ತಡ ಏರುವುದರಿಂದ ಹೀಗೆ, ಕೆಲವೇ ಸೆಕೆಂಡು. ಆ ಹೊತ್ತಿನಲ್ಲಿ ಬಡಿಗೇರನ ರಂದಾ ಮರದ ಮೇಲೆ ಜಾರಿದಂತೆ ಗುಂಯ್ ಎಂದು ಸದ್ದು. ಪಾಪೆಯ ಮೇಲ್ಪದರವನ್ನು ಪುಸ್ತಕದ ಹಾಳೆಯಂತೆ ಕತ್ತರಿಸಿ, ಒಂದು ಬದಿಯನ್ನು ಅಂಟಿಕೊಂಡಂತೆ ಬಿಟ್ಟು, ಮಡಚಿಟ್ಟರು. ಈಚೆಗೆ ಈ ಕೆಲಸಕ್ಕೂ ಬ್ಲೇಡಿನ ಬದಲು ಇನ್ನೊಂದು ಬಗೆಯ ಲೇಸರನ್ನೇ ಹೆಚ್ಚಾಗಿ ಬಳಸುತ್ತಾರೆ.

ಬೆಳಕು ಮರಳಿತು, ಆದರೆ ನೀರೊಳಗಿಂದ ನೋಡಿದಂತೆ. ಅದರ ನಡುವೆ ಮಿಣಮಿಣ ಎನ್ನುವ ಒಂದು ಹಸಿರು ಚುಕ್ಕಿ. ಅದನ್ನೇ ನೋಡಬೇಕು. ಎಚ್ಚರವಾಗಿಡುವುದೇ ಇದಕ್ಕಾಗಿ: ನಿದ್ದೆ ಹೋದವನು ನೋಟವನ್ನು ಒಂದೆಡೆ ಹಿಡಿದು ಕೊಡಲಾರ.

ಡಾಕ್ಟರು ಮರಾಠಿಯಲ್ಲಿ, "ಖಾಲಿ ಬಘೂ ನಕಾ" ಎಂದರು.

ಬಘೂ ನಕಾ ಎಂದರೆ ನೋಡಬೇಡಿ, ಇಷ್ಟು ನನಗೂ ಗೊತ್ತು. ಖಾಲಿ ನೋಡಬೇಡಿ! ಬರಿದೇ ನೋಡಿದರೆ ಸಾಲದು, ಮನಸ್ಸಿಟ್ಟು ನೋಡು ಎನ್ನುತ್ತಿದ್ದಾರೆ, ಎಂಥ ಅನುಭಾವಿ ಡಾಕ್ಟರು ಎಂದುಕೊಂಡೆ. ನನ್ನಲ್ಲಿದ್ದ ಪ್ರೀತಿ, ಭಕ್ತಿ, ಬ್ಯಾಂಕಿನ ಸಾಲದ ಚಿಂತೆ ಎಲ್ಲವನ್ನೂ ತುಂಬಿ ಆ ಚುಕ್ಕಿಯನ್ನು ನೋಡಿದೆ. ಮರಾಠಿಯಲ್ಲಿ 'ಖಾಲೀ' ಎಂದರೆ ಕೆಳಗೆ ಎಂದು ಭಾವ ಹೇಳಿದ್ದು ಸಂಜೆ. ಅವರು ಹೇಳಿದ್ದು, ಕೆಳಗೆ ನೋಡಬೇಡಿ, ಇಷ್ಟೇ.

ಟಕಟಕ ಟಕಟಕ ಎಂದು ಲೇಸರ್ ಶುರುವಾಯಿತು. ಜೊತೆಗೇ ಕೂದಲು ಸುಟ್ಟ ವಾಸನೆ. ನನ್ನ ಕಣ್ಣು ಸುಡುತ್ತಿದೆಯೆಂದು ಎದೆ ಝಲ್ಲೆಂದಿತು. ಸುಡುವುದಿಲ್ಲವಂತೆ. ಈ ಕಿರಣ ಅತಿನೇರಳೆ, ತರಂಗಾಂತರ 193 ನ್ಯಾನೋಮೀಟರು. ಕಾಯಿಸದೆಯೇ ಕಣಗಳ ಬಂಧ ಬಿಡಿಸಿ ಹಾರಿಸುತ್ತದೆ, ಒಂದೊಂದು ಹೊಡೆತಕ್ಕೆ ಮಿಲಿಮೀಟರಿನ ಸಾವಿರದಲ್ಲೊಂದು ಪಾಲಿಗಿಂತಲೂ ಕಡಿಮೆ. ಇದರ ಹುಟ್ಟಿನ ಕತೆ ನಮ್ಮ ಜಾತ್ರೆಯ ಮರುದಿನದ ತಂಗಳೂಟದಂತಿದೆ. ಮದ್ರಾಸಿನಲ್ಲಿ ಓದಿ ಅಮೆರಿಕಕ್ಕೆ ಹೋಗಿ ಐಬಿಎಂ ಸಂಸ್ಥೆಯಲ್ಲಿ ವಿಜ್ಞಾನಿಯಾಗಿದ್ದ ರಂಗಸ್ವಾಮಿ ಶ್ರೀನಿವಾಸನ್, 1981ರ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ಮರುದಿನ, ಮನೆಯಲ್ಲಿ ಉಳಿದಿದ್ದ ಟರ್ಕಿ ಕೋಳಿಯ ತುಂಡನ್ನು ಪ್ರಯೋಗಶಾಲೆಗೆ ಒಯ್ದು ಈ ಕಿರಣ ಹಾಯಿಸಿದರು. ಸುತ್ತಲೂ ಒಂದಿಷ್ಟೂ ಕರಕಾಗದೆ ನುಣ್ಣಗೆ ಗೆರೆ ಬಿತ್ತು. ಮುಂದೆ ಕಣ್ಣಿನ ಡಾಕ್ಟರ್ ಸ್ಟೀಫನ್ ಟ್ರೋಕೆಲ್ ಜೊತೆಗೂಡಿ 1983ರಲ್ಲಿ ಅದನ್ನು ಪಾಪೆಯ ಮೇಲೂ ಮಾಡಿ ತೋರಿಸಿದರು. ಹಬ್ಬದಲ್ಲಿ ಆ ಕೋಳಿಯನ್ನು ಪೂರ್ತಿ ಉಂಡು ಮುಗಿಸಿದ್ದರೆ ನಾನು ಇನ್ನೂ ಸೋಡಾಬುಡ್ಡಿಯೇ.

ಆದರೆ ಇದೆಲ್ಲ ಆಮೇಲೆ ಓದಿ ತಿಳಿದದ್ದು. ಆ ಚುಕ್ಕಿಯ ಎದುರು ನನಗೆ ನೆನಪಾದದ್ದು ಮುತ್ಯಾ, ನನ್ನ ಅಜ್ಜ. ಬೆಳಗಿನ ಜಾವ ಮೈಗೆ ವಿಭೂತಿ ಧರಿಸಿ, ಕರಡಿಗೆ ಬಿಚ್ಚಿ, ಇಷ್ಟಲಿಂಗವನ್ನು ಎಡ ಅಂಗೈಯಲ್ಲಿಟ್ಟುಕೊಂಡು ಮೂಗಿನ ನೇರಕ್ಕೆ ಹಿಡಿದು ಕೂಡುತ್ತಿದ್ದ. ಲಿಂಗದ ಕಪ್ಪು ಮೈಮೇಲೆ ದೀಪದ ಬೆಳಕಿನ ಒಂದು ಚುಕ್ಕಿ, ಅದರಲ್ಲಿ ನೆಟ್ಟ ದೃಷ್ಟಿ. ನನ್ನನ್ನೂ ಪಕ್ಕದಲ್ಲಿ ಕೂರಿಸುತ್ತಿದ್ದ. ನನ್ನ ಕಣ್ಣು ಮೊದಲು ಹಲ್ಲಿಯ ಕಡೆ, ಆಮೇಲೆ ಬೆಲ್ಲದ ಡಬ್ಬಿಯ ಕಡೆ, ಕೊನೆಗೆ ನಿದ್ದೆಯ ಕಡೆ. "ಎಲ್ಲಿ ನೋಡ್ಲತ್ತಿಯೋ?" ಎಂದು ಬಲಗೈಯಿಂದ ನನ್ನ ಗದ್ದ ತಿರುಗಿಸುತ್ತಿದ್ದ, ತನ್ನ ನೋಟ ಕದಲಿಸದೆ. ಮುತ್ಯಾ ವರ್ಷಗಟ್ಟಲೆ ಕೂತು ಕಲಿಸಲಾಗದ್ದನ್ನು ಸೊಲ್ಲಾಪುರದಲ್ಲಿ ಒಂದು ಯಂತ್ರ ಒಂದು ನಿಮಿಷದೊಳಗೆ ನನ್ನಿಂದ ಮಾಡಿಸಿಕೊಂಡಿತು. ಅದಕ್ಕೆ ಕಣ್ಣಿಗೆ ಕೊಂಡಿ ಹಾಕಬೇಕಾಯಿತು, ನಿಜ.

ಎರಡೂ ಕಣ್ಣು ಸೇರಿ ಕಾಲು ಗಂಟೆ. ಮಡಚಿದ ಪದರವನ್ನು ಮತ್ತೆ ಹೊಚ್ಚಿದರು. ಹೊಲಿಗೆ ಇಲ್ಲ, ಅದು ತಾನಾಗಿಯೇ ಕೂಡುತ್ತದೆ. ಆಮೇಲಿನ ನಾಲ್ಕು ತಾಸು, ಮೆಣಸಿನಕಾಯಿ ಕುಟ್ಟಿದ ಕೈ ಕಣ್ಣಿಗೆ ತಾಗಿದಂತೆ ಉರಿ, ನೀರು. ಮರುದಿನ ತಪಾಸಣೆ ಮುಗಿಸಿ ಆಳಂದದಲ್ಲಿ ಅಕ್ಕನ ಮನೆಯಲ್ಲಿ ವಾರ ಇದ್ದೆ. ಕಣ್ಣುಜ್ಜಬಾರದು, ಮಲಗುವಾಗ ಕಣ್ಣಿಗೆ ಪ್ಲಾಸ್ಟಿಕ್ ಮುಚ್ಚಳ, ಕಣ್ಣಿಗೆ ನೀರು ತಾಗಬಾರದು, ಹೊಗೆ ಧೂಳು ಬೇಡ, ಹೊತ್ತುಹೊತ್ತಿಗೆ ಹನಿ. ಊರಲ್ಲಿ ತೊಗರಿ ರಾಶಿಯ ಸುಗ್ಗಿ. ರಾಶಿಯಿಂದ ಗೌರವಪೂರ್ವಕವಾಗಿ ತಪ್ಪಿಸಿಕೊಂಡ ವರ್ಷ ಅದೊಂದೇ.

ಜೇವರ್ಗಿಗೆ ಮರಳಿದ ಮೊದಲ ಬೆಳಗು ಬಡಬಡ ಸದ್ದಿಗೆ ಎಚ್ಚರವಾಯಿತು. ಅವ್ವ ರೊಟ್ಟಿ ಬಡಿಯುವ ಸದ್ದು, ಹುಟ್ಟಿದಾಗಿನಿಂದ ಕೇಳಿದ್ದು. ಆದರೆ ಹಾಸಿಗೆಯಲ್ಲಿ ಮಲಗಿ ಅದನ್ನು ನೋಡಿದ್ದೇ ಇಲ್ಲ. ಎದ್ದು, ತಡಕಾಡಿ ಚಸ್ಮಾ ಹುಡುಕಿ, ಮುಖ ತೊಳೆದು ಬರುವಷ್ಟರಲ್ಲಿ ಬುಟ್ಟಿ ತುಂಬಿರುತ್ತಿತ್ತು. ಅವತ್ತು ದೂರದಿಂದಲೇ ಕಂಡಿತು: ಹಿಟ್ಟಿನ ಚಕ್ರ ಅವಳ ಕೈಕೆಳಗೆ ತಿರುಗುತ್ತ ಅಗಲವಾಗುವುದು, ಹಂಚಿಗೆ ಎಸೆಯುವಾಗ ಅವಳು ತುಟಿ ಕಚ್ಚುವುದು, ಮುಂಗೈ ಮೇಲೆ ಸಾಲಾಗಿ ಹಂಚಿನ ಅಂಚು ತಾಗಿದ ಕಪ್ಪು ಬರೆಗಳು. ಎಣಿಸಿದೆ, ಏಳಿದ್ದವು. ಮತ್ತೆ ನಿದ್ದೆ ಬರಲಿಲ್ಲ.

ಈಗ ನಲವತ್ತು ದಾಟಿದ್ದೇನೆ. ನಮ್ಮ ಕಡೆ ಓದುವ ಚಸ್ಮಾಕ್ಕೆ 'ಚಾಳೀಸು' ಎನ್ನುವುದು ಸುಮ್ಮನಲ್ಲ, ಚಾಳೀಸ್ ಎಂದರೆ ನಲವತ್ತು. ಲೇಸರು ಪಾಪೆಯನ್ನು ತಿದ್ದಬಲ್ಲದು, ಒಳಗಿನ ಮಸೂರ ವಯಸ್ಸಿಗೆ ಬಿಗಿಯಾಗುವುದನ್ನು ತಡೆಯಲಾರದು. ಚಾಳೀಸು ಮೂಗಿಗೆ ಬಂದ ವರ್ಷವೇ ಅವ್ವನಿಗೆ ಮೋತಿಬಿಂದು. ದವಾಖಾನೆಯ ಒಪ್ಪಿಗೆ ಕಾಗದವನ್ನು ಕೈಯಳತೆಯಷ್ಟು ದೂರ ಹಿಡಿದರೂ ಅಕ್ಷರ ಹತ್ತಲಿಲ್ಲ. ಚಾಳೀಸು ಮನೆಯಲ್ಲಿತ್ತು.

"ನಿದ್ದಿ ಬರಸ್ತಾರೇನೋ?" ಅವ್ವ ಕೇಳಿದಳು.

"ಇಲ್ಲವ್ವಾ, ಎಚ್ಚರ ಇರಬೇಕು. ಬೆಳಕ ನೋಡ್ಕೋತ ಮಲಗು, ಆಯ್ತು."

"ಹಂಗಾದ್ರ ಚಲೋ. ನಿಮ್ಮ ಮುತ್ಯಾನೂ ಎಚ್ಚರೇ ಇದ್ದ, ಮೋದಿ ಡಾಕ್ಟ್ರ ಕ್ಯಾಂಪಿನ್ಯಾಗ."

ಬೀಳಗಿಯಲ್ಲಿ 1916ರಲ್ಲಿ ಹುಟ್ಟಿದ ಡಾ. ಎಂ.ಸಿ. ಮೋದಿ ಅವರು ಹಳ್ಳಿಹಳ್ಳಿ ತಿರುಗಿ, ಸಾಲು ಮೇಜುಗಳ ಮೇಲೆ ಜನರನ್ನು ಮಲಗಿಸಿ ಕಣ್ಣಿನ ಪೊರೆ ತೆಗೆಯುತ್ತಿದ್ದರು. 1968ರಲ್ಲಿ ತಿರುಪತಿಯಲ್ಲಿ ಒಂದೇ ದಿನ 833 ಆಪರೇಷನ್ ಮಾಡಿದವರು. ಆ ಕಾಲದಲ್ಲಿ ದಿನಗಟ್ಟಲೆ ಪಟ್ಟಿ ಬಿಚ್ಚುತ್ತಿರಲಿಲ್ಲ. ಮುತ್ಯಾ ಪಟ್ಟಿ ಕಟ್ಟಿಕೊಂಡೇ ಬೆಳಗಿನ ಜಾವ ಎದ್ದು, ಅಂಗೈಯಲ್ಲಿ ಲಿಂಗ ಹಿಡಿದು ಕೂಡುತ್ತಿದ್ದನಂತೆ. ಕಾಣುವುದಿಲ್ಲವಲ್ಲ ಎಂದು ಯಾರೋ ನಕ್ಕರೆ, "ನನಗ ಅದು ಕಾಣಲ್ಲ ಖರೇ, ಅದಕ್ಕ ನಾ ಕಾಣ್ತೀನಲ್ಲ" ಎಂದನಂತೆ. ಇಷ್ಟು ಹೇಳಿ ಅವ್ವ ನರ್ಸಿನ ಕೈ ಹಿಡಿದು ಒಳಗೆ ಹೋದಳು.

ಅರ್ಧ ಗಂಟೆಗೆ ಒಂದು ಕಣ್ಣಿಗೆ ಪಟ್ಟಿ ಹಾಕಿಸಿಕೊಂಡು ಹೊರಬಂದವಳು ನನ್ನ ಭುಜ ಅಲುಗಾಡಿಸಿದಳು. "ಪೂರಾ ಎಚ್ಚರಿದ್ದೆ. ಒಳಗ ನಿನ್ನ ಗೊರಕಿ ಕೇಳಸ್ತಿತ್ತು. ಡಾಕ್ಟ್ರೂ ನಗ್ಲತ್ತಿದ್ರು."

ಮರುದಿನ ಪಟ್ಟಿ ಬಿಚ್ಚಿದರು. ಅವ್ವ ಗೋಡೆ ನೋಡಿದಳು, ಕ್ಯಾಲೆಂಡರ್ ನೋಡಿದಳು, ನನ್ನ ಕಡೆ ತಿರುಗಿ ಬಹಳ ಹೊತ್ತು ನೋಡಿದಳು. ಆಮೇಲೆ ಕೈ ಚಾಚಿ ನನ್ನ ಕಿವಿಯ ಮೇಲಿನ ಕೂದಲನ್ನು ಕೊಡವತೊಡಗಿದಳು.

"ರಾಶಿಗಿ ಹೋಗಿದ್ದೇನೋ? ತಲಿತುಂಬ ಹೊಟ್ಟ ಆಗ್ಯಾದ."

ಎರಡು ಸಲ ಕೊಡವಿದಳು. ಉದುರಲಿಲ್ಲ. ಕೈಯನ್ನು ಹಾಗೇ ಅಲ್ಲೇ ಇಟ್ಟುಕೊಂಡಳು.