ಮೀನಿನ ಮೂಗು, ಮನುಷ್ಯನ ಕ್ಯಾಮೆರಾ

ಮೀನಿಗೂ ಮೂಗುಂಟೇ ಎಂದು ಕೇಳಿದರೆ ಮಕ್ಕಳು ನಗುತ್ತಾರೆ. ಉಂಟು. ಆದರೆ ಅದು ಉಸಿರಾಡುವುದಕ್ಕಲ್ಲ, ವಾಸನೆ ಹಿಡಿಯುವುದಕ್ಕೆ. ಉಸಿರಾಟದ ಹೊಣೆ ಕಿವಿರುಗಳದ್ದು. ಸಾಲ್ಮನ್ ಮೀನಂತೂ ಮನೆಯ ದಾರಿಗೆ ಈ ಪುಟ್ಟ ಮೂಗನ್ನೇ ನಂಬಿದೆ.

ಅಲಾಸ್ಕಾದ ಬ್ರಿಸ್ಟಲ್ ಕೊಲ್ಲಿಯನ್ನು ಸೇರುವ ನದಿಗಳನ್ನೇ ನೋಡಿ. ಸಾಕೈ ಎಂಬ ಜಾತಿಯ ಸಾಲ್ಮನ್ ಅಲ್ಲಿನ ತೊರೆಗಳ ಜಲ್ಲಿಕಲ್ಲುಗಳ ನಡುವೆ ಮೊಟ್ಟೆಯೊಡೆದು ಹೊರಬರುತ್ತದೆ. ಒಂದೆರಡು ವರ್ಷ ಸರೋವರದಲ್ಲಿ ಬೆಳೆದು ಕಡಲಿಗೆ ಇಳಿಯುತ್ತದೆ. ಅಲ್ಲಿ ಎರಡು ಮೂರು ವರ್ಷ ಅಲೆದು, ಹುಟ್ಟೂರಿನ ನೀರಿನ ವಾಸನೆ ಹಿಡಿದು ತವರಿಗೇ ಮರಳುತ್ತದೆ. ದಾರಿಯಲ್ಲಿ ಊಟ ಬಿಡುತ್ತದೆ. ಬೆಳ್ಳಿ ಮೈ ಕೆಂಪಾಗುತ್ತದೆ. ಮೊಟ್ಟೆಯಿಟ್ಟು ಸಾಯುತ್ತದೆ. ಆ ದೇಹ ಕರಡಿಗೆ ಊಟ, ದಡದ ಮರಗಳಿಗೆ ಗೊಬ್ಬರ. ಜಗತ್ತಿನ ಸಾಕೈ ಮೀನುಗಳಲ್ಲಿ ಸುಮಾರು ಅರ್ಧದಷ್ಟು ಈ ಕೊಲ್ಲಿಯವೇ. ಯುಪಿಕ್, ಡೆನೈನಾ ಮೊದಲಾದ ಮೂಲನಿವಾಸಿಗಳ ಬದುಕು ಸಾವಿರಾರು ವರ್ಷಗಳಿಂದ ಇದನ್ನೇ ನೆಚ್ಚಿಕೊಂಡಿದೆ.

ಇದೇ ನದಿಗಳ ಉಗಮದ ಬಳಿ, ಪೆಬಲ್ ಎಂಬಲ್ಲಿ, ನೆಲದಡಿ ತಾಮ್ರ ಮತ್ತು ಚಿನ್ನವಿದೆ. ತಾಮ್ರ ಬೇಡವೆನ್ನುವವರು ಯಾರು? ಮನೆಮನೆಯ ವಿದ್ಯುತ್ ತಂತಿಯೂ ಅದರದ್ದೇ. ಆದರೆ ಅಲ್ಲಿನ ಅದಿರಿನ 100 ಕಿಲೋದಲ್ಲಿ ತಾಮ್ರ ಒಂದು ಕಿಲೋ ಕೂಡ ಇಲ್ಲ. ಗಣಿ ತೋಡಿದರೆ ಉಳಿಯುವ ಬೆಟ್ಟದಷ್ಟು ಕಸವನ್ನು ನದಿಯ ನೆತ್ತಿಯ ಮೇಲೆಯೇ ಕಾಯಬೇಕು. ಲೀಟರ್ ನೀರಿನಲ್ಲಿ ಕೆಲವೇ ಮೈಕ್ರೋಗ್ರಾಂ ತಾಮ್ರ ಕರಗಿದರೂ ಮರಿ ಸಾಲ್ಮನ್‌ಗಳ ಮೂಗು ಮಂಕಾಗುತ್ತದೆಂದು 2007ರಲ್ಲಿ ಪ್ರಕಟವಾದ ಪ್ರಯೋಗವೊಂದು ತೋರಿಸಿತು. ಗಾಯಗೊಂಡ ಮೀನಿನ ವಾಸನೆ ಬಂದೊಡನೆ ಅಪಾಯವೆಂದು ಅಲುಗದೆ ನಿಲ್ಲುವುದು ಮರಿಗಳ ಸ್ವಭಾವ. ತಾಮ್ರ ಬೆರೆತ ನೀರಿನಲ್ಲಿ ಕೆಲವು ಗಂಟೆ ಕಳೆದ ಮರಿಗಳಲ್ಲಿ ಈ ಎಚ್ಚರವೇ ಕುಂದಿತ್ತು.

ವಾಸನೆಯನ್ನು ಕ್ಯಾಮೆರಾ ಹಿಡಿಯಲಾರದು. ಹಾಗಾದರೆ ಬೆನ್ ನೈಟ್ ಮತ್ತು ಟ್ರಾವಿಸ್ ರಮ್ಮೆಲ್ ಎಂಬಿಬ್ಬರು ಕ್ಯಾಮೆರಾ ಹೊತ್ತು ಅಲ್ಲಿಗೆ ಹೋಗಿ ಮಾಡಿದ್ದೇನು? 2008ರಲ್ಲಿ ಬಂದ ಅವರ ಸಾಕ್ಷ್ಯಚಿತ್ರದ ಹೆಸರು ‘ರೆಡ್ ಗೋಲ್ಡ್’, ಅಂದರೆ ಕೆಂಪು ಚಿನ್ನ. ಯಾವ ಚಿನ್ನ ಬೇಕು, ನೆಲದ್ದೋ ನೀರಿನದ್ದೋ ಎಂಬ ಪ್ರಶ್ನೆ ಹೆಸರಿನಲ್ಲೇ ಇದೆ. ಮೂಲನಿವಾಸಿಗಳನ್ನೂ, ದೋಣಿಯೇ ಜೀವನವಾದ ಬೆಸ್ತರನ್ನೂ, ಗಾಳ ಹಾಕಲು ಬರುವವರನ್ನೂ ಅದು ಒಂದೇ ತೆರೆಯ ಮೇಲೆ ತಂದಿತು. ಭೂಪಟದಲ್ಲಿ ಬ್ರಿಸ್ಟಲ್ ಕೊಲ್ಲಿಯನ್ನು ಗುರುತಿಸಲಾರದವರೂ ಅಲ್ಲಿನ ಮುಖಗಳನ್ನು ಕಂಡರು.

ಚಿತ್ರವೊಂದರಿಂದಲೇ ಮೀನು ಉಳಿಯಿತು ಎನ್ನುವುದು ಸುಳ್ಳಾದೀತು. 2010ರಲ್ಲಿ ಅಲ್ಲಿನ ಆರು ಬುಡಕಟ್ಟುಗಳು ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆಯ ಮೊರೆಹೊಕ್ಕವು. ವಿಜ್ಞಾನಿಗಳು ತೊರೆ ತೊರೆಯ ಲೆಕ್ಕ ಹಾಕಿದರು. 2014ರಲ್ಲಿ ಸಂಸ್ಥೆಯ ಅಧ್ಯಯನ ವರದಿ ಹೊರಬಂತು. ಪೆಬಲ್ ಗಣಿಯ ಕಸವನ್ನು ಅಲ್ಲಿನ ನೀರಿಗೆ ಸುರಿಯದಂತೆ ನಿಷೇಧ ಬಂದದ್ದು 2023ರಲ್ಲಿ, ಚಿತ್ರ ಬಂದ 15 ವರ್ಷಗಳ ನಂತರ. ಮರುವರ್ಷವೇ ಗಣಿ ಕಂಪನಿ ನ್ಯಾಯಾಲಯದ ಮೆಟ್ಟಿಲು ಹತ್ತಿತು. ನದಿಯನ್ನು ಒಮ್ಮೆ ಉಳಿಸಿ ಮರೆತುಬಿಡುವಂತಿಲ್ಲ.

ಅಪಾಯ ಎಷ್ಟೆಂದು ಪ್ರಯೋಗಾಲಯ ಅಳೆದು ಕೊಡುತ್ತದೆ. ಆ ಅಪಾಯ ಯಾರ ಮನೆಯ ಬಾಗಿಲಿಗೆ ಬರುತ್ತದೆಂದು ತೋರಿಸುವುದು ಕ್ಯಾಮೆರಾ. ಎರಡೂ ಬೇಕು. ಆದ್ದರಿಂದ ಕ್ಯಾಮೆರಾ ಹಿಡಿಯುತ್ತೇನೆನ್ನುವ ಮಗಳನ್ನು ಗದರಬೇಡಿ, ಕೈಗೊಂದು ವಿಜ್ಞಾನದ ಪುಸ್ತಕವನ್ನೂ ಕೊಡಿ. ಸದಾ ಪುಸ್ತಕದಲ್ಲೇ ಮುಳುಗಿರುವ ಮಗನನ್ನು ಪಕ್ಕದಲ್ಲಿ ಕೂರಿಸಿಕೊಂಡು ಇಂಥದ್ದೊಂದು ಚಿತ್ರ ನೋಡಿ.